ಬಂಡೆ ಹತ್ತುವ ಹೆಣ್ಣು: ಸಾಹಸವೋ ಕಸುಬೋ?

ಹೆಣ್ಣುಮಗಳೊಬ್ಬಳು ಕಡಿದಾದ ಬಂಡೆಯೊಂದನ್ನು ಹತ್ತಿ ನಿಂತಳೆಂದು ಸುದ್ದಿ ಬಂದರೆ ನಮ್ಮ ಜನ ಕೂಡಲೇ ಅದಕ್ಕೊಂದು ಹೆಸರು ಕೊಟ್ಟುಬಿಡುತ್ತಾರೆ: ಸಾಹಸ. ಸಾಹಸವೆಂದ ಮೇಲೆ ಒಂದು ಸನ್ಮಾನ ಆಗಲೇಬೇಕು. ಶಾಲು, ಹಾರ, ಹಣ್ಣಿನ ಬುಟ್ಟಿ, ನಾಲ್ಕು ಜನರ ಭಾಷಣ, ಭಾಷಣದಲ್ಲಿ ತಪ್ಪದೆ ಒನಕೆ ಓಬವ್ವನ ಹೆಸರು. ಇಷ್ಟಾದ ಮೇಲೆ ಆ ಹುಡುಗಿ ಶಾಲನ್ನು ಮಡಿಸಿಟ್ಟುಕೊಂಡು ಮನೆಗೆ ಹೋಗುತ್ತಾಳೆ. ನಾಳೆ ಅವಳು ಏನು ಉಂಡಾಳು, ಮುಂದಿನ ಬಂಡೆಗೆ ಹೋಗುವ ಖರ್ಚನ್ನು ಯಾರಲ್ಲಿ ಕೇಳಿಯಾಳು ಎಂಬುದನ್ನು ವಿಚಾರಿಸುವವರಿಲ್ಲ. ಈ 'ಸಾಹಸ' ಎಂಬ ಮಾತಿನ ಮೇಲೆಯೇ ನನಗೆ ತಕರಾರಿದೆ. ಬಂಡೆ ಹತ್ತುವುದು ಕಮ್ಮಾರಿಕೆಯಂತೆ, ನೇಯ್ಗೆಯಂತೆ, ದಾದಿಯ ಕೆಲಸದಂತೆ ಕಲಿತು ಮಾಡುವ ಕಸುಬು. ಕಸುಬೆಂದರೆ ಅದಕ್ಕೆ ಗುರುವಿರಬೇಕು, ಹತ್ಯಾರಿರಬೇಕು, ಕೂಲಿ ಇರಬೇಕು. ಹೆಣ್ಣಿಗೆ ಸಾಹಸದ ಕಿರೀಟ ತೊಡಿಸಿ ಕೂಲಿಯ ಮಾತನ್ನು ಮರೆಸುವುದು ನಮ್ಮವರ ಹಳೆಯ ಜಾಣತನ. ಇದನ್ನೇ ನಾಲ್ಕು ಪುಟಗಳಲ್ಲಿ ಹೇಳಹೊರಟಿದ್ದೇನೆ.

"ಕಲ್ಲು ಹತ್ತಿ ಹೊಟ್ಟೆ ಹೊರೆಯುವುದುಂಟೇ?" ಎಂದು ವಾಚಕರು ನಗಬಹುದು. ಚನ್ನಗಿರಿಯಲ್ಲಿ ಕುಳಿತು ಓದುವವರು ಹೀಗೆ ನಗಬಾರದೆಂದು ನನ್ನ ಬಿನ್ನಹ. ನಮ್ಮ ತಾಲ್ಲೂಕಿನ ಸಂಪತ್ತೆಲ್ಲ ಅಡಿಕೆ ಮರದ ತುದಿಯಲ್ಲಿದೆ. ಅದನ್ನು ಇಳಿಸುವವನು ಹತ್ತುವುದನ್ನೇ ಉದ್ಯೋಗ ಮಾಡಿಕೊಂಡವನು. ಕಾಲಿಗೆ ತಳೆ ಹಾಕಿಕೊಂಡು ಒಂದು ಮರ ಹತ್ತಿ, ಇಳಿಯದೆಯೇ ಪಕ್ಕದ ಮರಕ್ಕೆ ಬಾಗಿ ದಾಟುವ ಅವನಿಗೆ ತೋಟದವರು ಕೊಡುವ ಕೂಲಿ, ಕೆಳಗೆ ಕುಳಿತು ಮೆಟ್ಟುಗತ್ತಿಯಲ್ಲಿ ಅಡಿಕೆ ಸುಲಿಯುವ ಹೆಂಗಸಿನ ಕೂಲಿಗಿಂತ ಹೆಚ್ಚು. ಅಂದರೆ ಎತ್ತರಕ್ಕೆ ನಮ್ಮಲ್ಲಿ ಮೊದಲಿನಿಂದಲೂ ಬೆಲೆ ಉಂಟು. ಆ ಬೆಲೆ ಗಂಡಸಿನ ಕೈಗೆ ಮಾತ್ರ ಸೇರಬೇಕೆಂದು ಯಾವ ಶಾಸ್ತ್ರದಲ್ಲಿ ಬರೆದಿದೆಯೋ ನಾನರಿಯೆ. ಮರ ಹತ್ತುವವರು ಸಿಗದಾದಾಗ ಈ ಶಾಸ್ತ್ರ ತಾನಾಗಿ ಸಡಿಲವಾಗುವುದೂ ಉಂಟು. ತೆಂಗು ಅಭಿವೃದ್ಧಿ ಮಂಡಳಿಯವರು 2011ರಲ್ಲಿ ಯಂತ್ರದ ನೆರವಿನಿಂದ ತೆಂಗಿನ ಮರ ಹತ್ತುವ ತರಬೇತಿಯನ್ನು ಆರಂಭಿಸಿದಾಗ ಕೇರಳದಲ್ಲಿ ಹೆಣ್ಣುಮಕ್ಕಳೂ ಮುಂದೆ ಬಂದರು, ಕಲಿತರು, ಹತ್ತಿದರು, ಸಂಪಾದಿಸಿದರು. ಅದನ್ನು ಯಾರೂ ಸಾಹಸವೆಂದು ಹೊಗಳಿ ಮನೆಗೆ ಕಳುಹಿಸಲಿಲ್ಲ, ಕೂಲಿ ಕೊಟ್ಟರು. ನನಗೆ ಬೇಕಾದದ್ದೂ ಅಷ್ಟೆ.

ಬಂಡೆ ಹತ್ತುವುದೆಂದರೆ ನಮ್ಮಲ್ಲಿ ಅನೇಕರಿಗೆ ಚಿತ್ರದುರ್ಗದ ಕೋಟೆಯೇ ಕಣ್ಣಮುಂದೆ ಬರುತ್ತದೆ. ಜಗಳೂರಿನವರಿಗಂತೂ ಅದು ನೆರೆಮನೆ. 1997ರಲ್ಲಿ ದಾವಣಗೆರೆ ಜಿಲ್ಲೆಯಾಗುವವರೆಗೆ ಜಗಳೂರು ಚಿತ್ರದುರ್ಗಕ್ಕೇ ಸೇರಿದ್ದಿತು. ಶಾಲೆಯ ಪ್ರವಾಸದಲ್ಲಿ ಅಲ್ಲಿಗೆ ಹೋದ ಮಕ್ಕಳು, ಕೋತಿರಾಜನೆಂದು ಹೆಸರಾದ ಜ್ಯೋತಿರಾಜರು ಬರಿಗೈಯಲ್ಲಿ ಕೋಟೆಯ ಗೋಡೆ ಏರುವುದನ್ನು ಬಾಯಿಬಿಟ್ಟು ನೋಡಿದ್ದಾರೆ. ಅವರ ಮೈಗಾರಿಕೆಗೆ ನಾನೂ ತಲೆದೂಗಿದ್ದೇನೆ. ಆದರೆ ಹಗ್ಗವಿಲ್ಲದ ಹತ್ತುವಿಕೆಯನ್ನು ಕಂಡು ಇದೇ ಬಂಡೆ ಹತ್ತುವ ವಿದ್ಯೆಯೆಂದು ತಿಳಿದರೆ ಯಾವ ತಾಯಿ ತಾನೇ ಮಗಳನ್ನು ಕಳುಹಿಸಿಯಾಳು? ಲೋಕದಲ್ಲಿ ಈ ಕಸುಬನ್ನು ಮಾಡುವವರಲ್ಲಿ ಬಹುಮಂದಿ ಹಗ್ಗ ಕಟ್ಟಿಕೊಂಡೇ ಹತ್ತುವವರು. ಹಗ್ಗವಿರುವುದು ಮೇಲೆಳೆಯುವುದಕ್ಕಲ್ಲ, ಜಾರಿದಾಗ ತಡೆಯುವುದಕ್ಕೆ. ಹತ್ತುವವಳ ಸೊಂಟಪಟ್ಟಿಗೆ ಹಗ್ಗದ ಒಂದು ತುದಿ. ಇನ್ನೊಂದು ಕಡೆಯನ್ನು ನೆಲದಲ್ಲಿ ನಿಂತವರು ತಮ್ಮ ಸೊಂಟದ ಸಲಕರಣೆಯ ಮೂಲಕ ಸ್ವಲ್ಪ ಸ್ವಲ್ಪವೇ ಬಿಡುತ್ತಾ ಹೋಗುತ್ತಾರೆ. ಬಂಡೆಯಲ್ಲಿ ಮೊದಲೇ ನೆಟ್ಟ ಬೋಲ್ಟುಗಳಿಗೆ ಕೊಂಡಿ ಸಿಕ್ಕಿಸಿ ಹಗ್ಗವನ್ನು ಅದರಲ್ಲಿ ಹಾಯಿಸುತ್ತಾ ಮೇಲೇರಬೇಕು. ಕೈ ತಪ್ಪಿದರೆ ಕೊನೆಯ ಕೊಂಡಿಯಿಂದ ಎಷ್ಟು ಮೇಲೆ ಹೋಗಿದ್ದಳೋ ಅದರ ಇಮ್ಮಡಿಗಿಂತ ತುಸು ಹೆಚ್ಚು ಬೀಳುತ್ತಾಳೆ, ಅಲ್ಲಿ ಹಗ್ಗ ಹಿಡಿಯುತ್ತದೆ. ಹಗ್ಗವೂ ಬಾವಿಯ ಹಗ್ಗದಂಥದಲ್ಲ. ಬೀಳುವ ರಭಸವನ್ನು ತಾನು ಹಿಗ್ಗಿ ನುಂಗುವಂತೆ ಹೊಸೆದದ್ದು.

ಇದರಲ್ಲಿ ತೋಳಿನ ಬಲವೇ ಎಲ್ಲವೂ ಅಲ್ಲವೆಂದು ಬಲ್ಲವರೆಲ್ಲ ಹೇಳುತ್ತಾರೆ. ಹೊಸಬರು ಕೈಯಿಂದ ಎಳೆದುಕೊಂಡು ಹತ್ತಿ ಎರಡು ನಿಮಿಷದಲ್ಲಿ ದಣಿಯುತ್ತಾರೆ. ಕಲಿತವರು ಕಾಲಿನ ಮೇಲೆ ನಿಂತು ಹತ್ತುತ್ತಾರೆ. ಬಂಡೆಯ ಮೇಲಿನ ಒಂದು ಕಾಳಿನಷ್ಟು ಉಬ್ಬಿನ ಮೇಲೆ ರಬ್ಬರಿನ ಜೋಡಿನ ತುದಿಯನ್ನು ಊರಿ ಮೈಯ ತೂಕವನ್ನೆಲ್ಲ ಅದಕ್ಕೆ ಒಪ್ಪಿಸುವ ಧೈರ್ಯ ಬರಬೇಕು. ಬೆರಳುಗಳು ಗಟ್ಟಿಯಿರಬೇಕು, ಮೈ ಹಗುರವಿರಬೇಕು, ಸೊಂಟ ಬಾಗಬೇಕು, ಮುಂದಿನ ಹಿಡಿತ ಯಾವುದೆಂದು ತಲೆ ಲೆಕ್ಕ ಹಾಕುತ್ತಿರಬೇಕು. ಈ ಪಟ್ಟಿಯಲ್ಲಿ ಗಂಡಸಿನ ಸ್ವತ್ತಾದದ್ದು ಯಾವುದು? ಅಡಿಕೆ ಸುಗ್ಗಿಯಲ್ಲಿ ಬೆಳಗಿನ ಜಾವದಿಂದ ರಾತ್ರಿಯವರೆಗೆ ಸುಲಿಯುವ ನಮ್ಮೂರ ಹೆಂಗಸರ ಬೆರಳನ್ನು ಒಮ್ಮೆ ಮುಟ್ಟಿ ನೋಡಬೇಕು. ಆ ಬೆರಳಿಗೆ ಬಾದಾಮಿಯ ಕಲ್ಲು ಹೆಚ್ಚಿನದಲ್ಲ.

ಹೆಣ್ಣಿನ ಸಣ್ಣ ಬೆರಳು ಏನು ಮಾಡಬಲ್ಲುದೆಂಬುದಕ್ಕೆ ಅಮೆರಿಕದ ಲಿನ್ ಹಿಲ್ ಎಂಬಾಕೆಯ ಚರಿತ್ರೆಯನ್ನು ನಮ್ಮ ವಿದ್ಯಾರ್ಥಿನಿಯರು ತಿಳಿಯಬೇಕು. ಆಕೆ ಹುಟ್ಟಿದ್ದು 1961ರಲ್ಲಿ, ಏಳು ಮಕ್ಕಳಿದ್ದ ಮನೆಯಲ್ಲಿ. ಎತ್ತರ ಐದಡಿಯ ಮೇಲೆ ಎರಡಂಗುಲ. ನಮ್ಮ ತರಗತಿಯಲ್ಲಿ ಕುಳಿತರೆ ಮೊದಲ ಬೆಂಚು. ಕ್ಯಾಲಿಫೋರ್ನಿಯಾದ ಯೊಸೆಮಿಟಿ ಕಣಿವೆಯಲ್ಲಿ ಎಲ್ ಕ್ಯಾಪಿಟನ್ ಎಂಬ ಏಕಶಿಲೆಯಿದೆ. ಬುಡದಿಂದ ತುದಿಗೆ ಸುಮಾರು 900 ಮೀಟರು, ಗೋಡೆಯಂತೆ ನೆಟ್ಟಗೆ. ಅದರ ನಡುವಿನ ಏಣಿನ ಮೇಲೆ ಹೋಗುವ ಮಾರ್ಗಕ್ಕೆ 'ಮೂಗು' ಎಂದೇ ಹೆಸರು. 1958ರಲ್ಲಿ ಅದನ್ನು ಮೊದಲು ಏರಿದ ಗಂಡಸರು ಮೊಳೆ ಹೊಡೆದು, ಹಗ್ಗದ ಏಣಿ ತೂಗುಹಾಕಿ, ಹೋಗುತ್ತಾ ಬರುತ್ತಾ ಒಂದೂವರೆ ವರ್ಷ ಶ್ರಮಿಸಿದ್ದರು. ಮೊಳೆಯನ್ನೂ ಏಣಿಯನ್ನೂ ಹಿಡಿಯದೆ, ಕೈಕಾಲುಗಳಿಂದ ಬಂಡೆಯನ್ನೇ ಹಿಡಿದು ಏರುವುದು ಸಾಧ್ಯವೇ ಎಂದು ಮುಂದಿನ ತಲೆಮಾರಿನ ಹೆಸರಾಂತ ಗಂಡಸರೆಲ್ಲ ಪ್ರಯತ್ನಿಸಿ ಕೈಬಿಟ್ಟಿದ್ದರು. 1993ರಲ್ಲಿ ಲಿನ್ ಹಿಲ್ ಅದನ್ನು ಏರಿದಳು. ಮರುವರ್ಷ ಮತ್ತೆ ಬಂದು ಅದೇ ಮಾರ್ಗವನ್ನು ಒಂದೇ ದಿನದೊಳಗೆ, 23 ಗಂಟೆಗಳಲ್ಲಿ ಮುಗಿಸಿದಳು. ಗಂಡಸರ ದಪ್ಪ ಬೆರಳು ತೂರದ ಬಿರುಕಿನಲ್ಲಿ ಅವಳ ಬೆರಳು ತೂರಿತೆಂದು ಕೆಲವರು ಹೇಳಿದರು. ಅದು ನಿಜವೂ ಹೌದು. ಆದರೆ ಕಾಲು ಚಿಕ್ಕದಾದ್ದರಿಂದ ದೂರದ ಹಿಡಿತಗಳು ಅವಳಿಗೆ ಎಟುಕುತ್ತಿರಲಿಲ್ಲವೆಂಬುದನ್ನು ಹೇಳಲು ಅವರು ಮರೆತರು. ಸೋತ ಗಂಡಸು ಗೆದ್ದ ಹೆಣ್ಣಿನ ಬೆರಳನ್ನು ಅಳೆಯುವುದು ಎಲ್ಲ ದೇಶಗಳಲ್ಲಿಯೂ ಇದ್ದದ್ದೇ!

ಈ ಗೆಲುವಿಗಿಂತಲೂ ನನ್ನ ಮನಸ್ಸನ್ನು ಹಿಡಿದ ಎರಡು ಸಂಗತಿಗಳು ಆಕೆಯ ಬಾಳಿನಲ್ಲಿವೆ. ಮೊದಲನೆಯದು 1989ರದು. ಫ್ರಾನ್ಸಿನ ಬ್ಯೂ ಎಂಬಲ್ಲಿ ಹತ್ತಲು ಹೊರಟಾಗ ಸೊಂಟಕ್ಕೆ ಹಗ್ಗವನ್ನು ಹಾಯಿಸಿ, ಗಂಟನ್ನು ಅರ್ಧಕ್ಕೇ ಬಿಟ್ಟು, ಯಾವುದೋ ಮಾತಿನಲ್ಲಿ ಮರೆತಳು. ತುದಿ ತಲುಪಿ ಹಗ್ಗದ ಮೇಲೆ ಭಾರ ಬಿಟ್ಟಾಗ ಗಂಟೇ ಇರಲಿಲ್ಲ. ಎಪ್ಪತ್ತಡಿಗೂ ಮಿಕ್ಕ ಎತ್ತರದಿಂದ ಬಿದ್ದವಳನ್ನು ಒಂದು ಮರದ ಕೊಂಬೆಗಳು ತಡೆದು ಉಳಿಸಿದವು. ಮೊಣಕೈಯ ಕೀಲು ತಪ್ಪಿತ್ತು. ಅಷ್ಟು ಹೊತ್ತಿಗೆ ಆಕೆ ಲೋಕಪ್ರಸಿದ್ಧಳು, ಹದಿನಾಲ್ಕು ವರ್ಷ ಹತ್ತಿ ಪಳಗಿದವಳು. ಅದರಿಂದಲೇ ಇಂದು ಎಲ್ಲ ಶಿಬಿರಗಳಲ್ಲಿಯೂ ಹತ್ತುವವಳ ಗಂಟನ್ನು ಹಗ್ಗ ಹಿಡಿದವರು ನೋಡಬೇಕು, ಹಗ್ಗ ಹಿಡಿದವರ ಸಲಕರಣೆಯನ್ನು ಹತ್ತುವವಳು ನೋಡಬೇಕು ಎಂದು ಒತ್ತಿ ಒತ್ತಿ ಕಲಿಸುತ್ತಾರೆ. ನಾನು ಇದನ್ನು ಕಸುಬೆಂದು ಕರೆಯುವುದು ಈ ಕಾರಣಕ್ಕೇ. ಸಾಹಸಿಗೆ ಗಂಟಿನ ಚಿಂತೆಯಿಲ್ಲ. ಕಸುಬಿನವಳಿಗೆ ಮೊದಲ ಚಿಂತೆಯೇ ಗಂಟು.

ಎರಡನೆಯದು ಹಣದ ಸಂಗತಿ. ಬಂಡೆಯೇ ಬದುಕೆಂದು ನಂಬಿದ ತಾರುಣ್ಯದಲ್ಲಿ ಆಕೆಯೂ ಗೆಳೆಯರೂ ಯೊಸೆಮಿಟಿಯ ಡೇರೆಯಲ್ಲಿ ಪುಡಿಗಾಸಿನಲ್ಲಿ ದಿನ ದೂಡಿದವರು. ಆಗ ದೂರದರ್ಶನದವರು ಓಟ, ಈಜು, ಹಗ್ಗ ಹತ್ತುವುದು ಮುಂತಾದವನ್ನು ಸೇರಿಸಿ ದೇಹದಾರ್ಢ್ಯದ ಪಂದ್ಯವೊಂದನ್ನು ನಡೆಸುತ್ತಿದ್ದರು. 1980ರಿಂದ ಸಾಲಾಗಿ ನಾಲ್ಕು ವರ್ಷ ಹೆಂಗಸರ ವಿಭಾಗವನ್ನು ಗೆದ್ದವಳು ಇವಳು. ಆದರೆ ಗಂಡಸರ ಬಹುಮಾನ ಹೆಂಗಸರದಕ್ಕಿಂತ ಬಹಳ ಹೆಚ್ಚಾಗಿತ್ತು. ಆಕೆ ಬಹುಮಾನವನ್ನು ತಲೆಗೊತ್ತಿಕೊಂಡು ಬರಲಿಲ್ಲ. ಈ ವ್ಯತ್ಯಾಸವೇಕೆಂದು ಕೇಳಿದಳು. ಕೇಳಿದ ಮೇಲೆ ಮೊತ್ತ ಏರಿತು. ಬಂಡೆಯನ್ನು ಏರುವಷ್ಟೇ ಕಷ್ಟದ ಕೆಲಸ ಇದೆಂದು ನಾನು ಬಲ್ಲೆ. ತೋಟದ ಯಜಮಾನನ ಮುಂದೆ ನಿಂತು, "ಯಜಮಾನ್ರೇ, ಗಂಡಾಳಿಗೆ ಅಷ್ಟು, ನಮಗೆ ಇಷ್ಟು ಯಾಕೆ?" ಎಂದು ಕೇಳಿದ ಹೆಂಗಸಿಗೆ ಮರುದಿನ ಕೆಲಸವಿಲ್ಲವಾದದ್ದನ್ನು ಕಂಡವಳು ನಾನು.

ಹಾಗಾದರೆ ಈ ಕಸುಬಿನವಳು ಬದುಕುವುದು ಹೇಗೆ? ಪಂದ್ಯಗಳಲ್ಲಿ ಗೆದ್ದು ಬದುಕುವವರು ಲೋಕದಲ್ಲಿಯೇ ಕೆಲವೇ ಮಂದಿ. ಜೋಡು, ಹಗ್ಗ, ಉಡುಪು ಮಾಡುವ ಕಂಪನಿಗಳವರು ತಮ್ಮ ಸರಕಿನ ಪ್ರಚಾರಕ್ಕಾಗಿ ಕೆಲವರನ್ನು ಸಾಕುತ್ತಾರೆ. ಉಳಿದವರು ಮಕ್ಕಳಿಗೆ ಕಲಿಸುತ್ತಾರೆ, ಪ್ರವಾಸಿಗಳನ್ನು ಬಂಡೆಗೆ ಕರೆದೊಯ್ಯುತ್ತಾರೆ, ಕೃತಕ ಗೋಡೆಗಳ ಮೇಲೆ ಹಿಡಿತಗಳನ್ನು ಜೋಡಿಸಿ ಹೊಸ ಹೊಸ ಮಾರ್ಗಗಳನ್ನು ರಚಿಸುತ್ತಾರೆ. ಇದೇ ಒಂದು ಪ್ರತ್ಯೇಕ ಉದ್ಯೋಗ. ಇನ್ನೂ ಒಂದು ಬಗೆಯಿದೆ, ಅದರ ಮಾತನ್ನು ಮುಂದೆ ಆಡುತ್ತೇನೆ.

ಟೋಕಿಯೋದಲ್ಲಿ 2021ರಲ್ಲಿ ನಡೆದ ಒಲಿಂಪಿಕ್ಸಿನಲ್ಲಿ ಹತ್ತುವ ಪಂದ್ಯವನ್ನು ಮೊದಲ ಬಾರಿಗೆ ಸೇರಿಸಿದರು. ಸ್ಲೊವೇನಿಯಾ ಎಂಬ ಪುಟ್ಟ ದೇಶದ ಯಾನ್ಯಾ ಗಾರ್ನ್‌ಬ್ರೆಟ್ ಚಿನ್ನ ಗೆದ್ದಳು. 2024ರಲ್ಲಿ ಪ್ಯಾರಿಸ್ಸಿನಲ್ಲಿಯೂ ಅವಳೇ ಗೆದ್ದಳು. ಪ್ಯಾರಿಸ್ಸಿನಲ್ಲಿ ವೇಗದ ಪಂದ್ಯವನ್ನು ಬೇರೆಯಾಗಿ ನಡೆಸಿದರು. ಪೋಲೆಂಡಿನ ಅಲೆಕ್ಸಾಂದ್ರಾ ಮಿರೊಸ್ಲಾವ್ 15 ಮೀಟರಿನ ಗೋಡೆಯನ್ನು 6.10 ಸೆಕೆಂಡಿನಲ್ಲಿ ಹತ್ತಿ ಚಿನ್ನ ಪಡೆದಳು. ಐದಂತಸ್ತಿನ ಕಟ್ಟಡದ ಎತ್ತರವನ್ನು ನಾವು ಈ ವಾಕ್ಯ ಓದಿ ಮುಗಿಸುವಷ್ಟರಲ್ಲಿ! ಈ ವೇಗದ ಗೋಡೆಯ ಒಂದು ವಿಶೇಷ ನನಗೆ ಬಹಳ ಹಿಡಿಸಿತು. ಅದರ ಎತ್ತರ, ಮುಂದಕ್ಕೆ ಬಾಗಿದ ಐದು ಡಿಗ್ರಿಯ ಓರೆ, ಪ್ರತಿಯೊಂದು ಹಿಡಿತದ ಆಕಾರ ಮತ್ತು ಸ್ಥಳ, ಎಲ್ಲವೂ ಜಗತ್ತಿನಾದ್ಯಂತ ಒಂದೇ. ಹೊನ್ನಾಳಿಯಲ್ಲಿ ಅಂಥ ಗೋಡೆಯೊಂದನ್ನು ಕಟ್ಟಿದರೆ ಹೊನ್ನಾಳಿಯ ಹುಡುಗಿ ಪೋಲೆಂಡಿನ ಹುಡುಗಿಯೊಡನೆ ತನ್ನ ಗಡಿಯಾರವನ್ನು ಹೋಲಿಸಿ ನೋಡಬಹುದು. ನಡುವೆ ಶಿಫಾರಸು ಬೇಕಿಲ್ಲ.

ಮೈ ಹಗುರವಿರಬೇಕೆಂದು ಮೇಲೆ ಹೇಳಿದೆನಷ್ಟೆ. ಅದರಲ್ಲೊಂದು ಕೇಡೂ ಅಡಗಿದೆ. ತೂಕ ಇಳಿದಷ್ಟೂ ಮೇಲೇರಬಹುದೆಂದು ಹಸಿದುಕೊಂಡು ಹತ್ತುವ ಹುಡುಗಿಯರು ದೊಡ್ಡ ದೇಶಗಳಲ್ಲಿಯೇ ಹೆಚ್ಚಿದರು. ಊಟ ಕಡಿಮೆಯಾಗಿ ಋತುಚಕ್ರ ನಿಲ್ಲುವುದು, ಮೂಳೆ ಸವೆಯುವುದು ಇದರ ಫಲ. ಗಾರ್ನ್‌ಬ್ರೆಟ್‌ಳಂಥ ಚಾಂಪಿಯನ್ನಳೇ ಇದನ್ನು ಬಹಿರಂಗವಾಗಿ ಖಂಡಿಸಿದಳು. ಅಂತರರಾಷ್ಟ್ರೀಯ ಒಕ್ಕೂಟದವರು 2024ರಲ್ಲಿ ಸ್ಪರ್ಧಿಗಳ ಆರೋಗ್ಯ ತಪಾಸಣೆಗೆ ಹೊಸ ನಿಯಮಗಳನ್ನು ತಂದರು. ನಮ್ಮ ಕಡೆಯ ಹುಡುಗಿಯರಿಗೆ ಹಸಿವನ್ನು ಹೊಸದಾಗಿ ಕಲಿಸಬೇಕಾದ್ದಿಲ್ಲ. ಗಂಡಸರೆಲ್ಲ ಉಂಡೆದ್ದ ಮೇಲೆ ಪಾತ್ರೆಯ ತಳ ನೋಡುವ ಪದ್ಧತಿ ಇನ್ನೂ ಎಷ್ಟೋ ಮನೆಗಳಲ್ಲಿದೆ, ಹಾಸ್ಟೆಲಿಗೆ ಬಂದ ಮೇಲೂ ಆ ಅಭ್ಯಾಸ ಹೋಗಿಲ್ಲ. ಬಂಡೆಗೆ ಹೋಗುವ ಹುಡುಗಿ ಮೊದಲು ತಟ್ಟೆಯ ಮುಂದೆ ಕೂರಲಿ: ಮುದ್ದೆ, ಸೊಪ್ಪಿನ ಸಾರು, ಮೊಟ್ಟೆ ತಿನ್ನುವವರಿಗೆ ಮೊಟ್ಟೆ, ತಿನ್ನದವರಿಗೆ ಶೇಂಗಾ.

ನಮ್ಮ ದೇಶದ ಮಾತಿಗೆ ಬರೋಣ. ಬಚೇಂದ್ರಿ ಪಾಲ್ ಅವರ ಹೆಸರನ್ನು ಸಾಮಾನ್ಯಜ್ಞಾನದ ಪುಸ್ತಕದಿಂದ ನಾವೆಲ್ಲ ಬಾಯಿಪಾಠ ಮಾಡಿದ್ದೇವೆ: 1984ರ ಮೇ 23, ಎವರೆಸ್ಟ್ ಏರಿದ ಪ್ರಥಮ ಭಾರತೀಯ ಮಹಿಳೆ. ಹಿಮಪರ್ವತ ಏರುವುದೂ ಬಂಡೆ ಹತ್ತುವುದೂ ಒಂದೇ ಅಲ್ಲವಾದರೂ ಪರ್ವತಾರೋಹಣದ ಶಾಲೆಗಳಲ್ಲಿ ಮೊದಲ ಪಾಠ ಬಂಡೆಯ ಮೇಲೆಯೇ ಆಗುತ್ತದೆ. ಸಾಮಾನ್ಯಜ್ಞಾನದ ಪುಸ್ತಕ ಹೇಳದ ಸಂಗತಿಯೊಂದಿದೆ. ಉತ್ತರಕಾಶಿಯ ಹತ್ತಿರದ ಹಳ್ಳಿಯವರಾದ ಆಕೆ ಎಂ.ಎ., ಬಿ.ಎಡ್. ಓದಿದರೂ ತಕ್ಕ ಉದ್ಯೋಗ ಸಿಗದೆ, ಆ ಬೇಸರದಲ್ಲಿ ಪರ್ವತಾರೋಹಣದ ಶಾಲೆಗೆ ಸೇರಿದವರು. ಬಿ.ಎ. ಓದುತ್ತಿರುವ ನಮ್ಮಲ್ಲಿ ಎಷ್ಟೋ ಮಂದಿಗೆ ಈ ಬೇಸರ ಈಗಲೇ ಶುರುವಾಗಿದೆ! ಬಳಿಕ ಟಾಟಾ ಉಕ್ಕಿನ ಕಾರ್ಖಾನೆಯವರು ಅವರನ್ನು ನೌಕರಿಗೆ ತೆಗೆದುಕೊಂಡು ಸಾಹಸ ಶಿಕ್ಷಣದ ಸಂಸ್ಥೆಯೊಂದನ್ನು ಅವರ ಕೈಗೆ ಒಪ್ಪಿಸಿದರು. 2019ರವರೆಗೆ ಅವರು ಅದನ್ನು ನಡೆಸಿದರು. ಅವರಿಂದ ಕಲಿತ ಜಮ್ಶೆಡ್‌ಪುರದ ಗೃಹಿಣಿ ಪ್ರೇಮಲತಾ ಅಗರವಾಲರು 2011ರಲ್ಲಿ, 48ರ ವಯಸ್ಸಿನಲ್ಲಿ, ಎವರೆಸ್ಟ್ ಏರಿದರು. ಶಿಖರದ ಮೇಲೆ ಆಕೆ ನಿಂತದ್ದು ಕೆಲವು ನಿಮಿಷ; ಸಂಬಳದ ಮೇಲೆ ನಿಂತದ್ದು ಮೂವತ್ತೈದು ವರ್ಷ. ಈ ಮೂವತ್ತೈದು ವರ್ಷವೇ ದೇಶಕ್ಕೆ ಹೆಚ್ಚು ಫಲ ಕೊಟ್ಟಿತೆಂದು ನನ್ನ ಅಭಿಪ್ರಾಯ.

ಟಾಟಾರವರಂಥವರು ನಮ್ಮಲ್ಲೆಲ್ಲಿ ಎಂದರೆ ನೆರೆಯ ತೆಲಂಗಾಣವನ್ನು ನೋಡಬಹುದು. ಹೈದರಾಬಾದಿನ ಬಳಿ ಭುವನಗಿರಿಯಲ್ಲಿ ಕೋಟೆ ಹೊತ್ತ ದೊಡ್ಡ ಏಕಶಿಲೆಯೊಂದಿದೆ. ಅಲ್ಲಿ ಬಂಡೆ ಹತ್ತುವ ಶಾಲೆ ನಡೆಯುತ್ತದೆ. ಸರ್ಕಾರದ ಸಮಾಜಕಲ್ಯಾಣ ವಸತಿಶಾಲೆಗಳ ಮಕ್ಕಳನ್ನು ಅಲ್ಲಿಗೆ ಕಳುಹಿಸಿದರು. ಅವರಲ್ಲಿ ಒಬ್ಬಳು ನಿಜಾಮಾಬಾದ್ ಜಿಲ್ಲೆಯ ಪಾಕಾಲ ಗ್ರಾಮದ ಮಾಲಾವತ್ ಪೂರ್ಣಾ, ಕೂಲಿ ಮಾಡಿ ಬದುಕುವ ಲಂಬಾಣಿ ಮನೆತನದ ಮಗು. ಭುವನಗಿರಿಯ ಬಂಡೆಯ ಮೇಲೆ ಕಾಲೂರಲು ಕಲಿತ ಅವಳು 2014ರ ಮೇ 25ರಂದು, ಇನ್ನೂ ಹದಿನಾಲ್ಕು ತುಂಬುವ ಮೊದಲೇ, ಎವರೆಸ್ಟಿನ ಮೇಲಿದ್ದಳು. ನ್ಯಾಮತಿ ತಾಲ್ಲೂಕಿನ ಸೂರಗೊಂಡನಕೊಪ್ಪ ಲಂಬಾಣಿಗರಿಗೆ ಪುಣ್ಯಕ್ಷೇತ್ರ. ಸೇವಾಲಾಲರ ಜಯಂತಿಗೆ ದೇಶದ ಮೂಲೆಮೂಲೆಗಳಿಂದ ಜನ ಬರುತ್ತಾರೆ. ಅಲ್ಲಿನ ತಾಂಡಾಗಳಿಂದ ಬಂದು ನಮ್ಮ ಹಾಸ್ಟೆಲಿನಲ್ಲಿರುವ ಹುಡುಗಿಯರಿಗೆ ಪೂರ್ಣಾಳ ಹೆಸರನ್ನು ಹೇಳಿದವರು ಯಾರೂ ಇರಲಿಲ್ಲ. ನಾನು ಹೇಳಿದ ದಿನ ಒಬ್ಬಳು, "ಅಕ್ಕಾ, ಅವಳಿಗೆ ಸ್ವೆಟರ್ ಯಾರು ಕೊಡ್ಸಿದ್ರು?" ಎಂದು ಕೇಳಿದಳು. ಎಲ್ಲರೂ ನಕ್ಕರು. ನನಗೆ ಮಾತ್ರ ಅದು ಅತ್ಯಂತ ಸರಿಯಾದ ಪ್ರಶ್ನೆಯೆಂದು ತೋರಿತು. ಕೊಡಿಸಿದ್ದು ಸರ್ಕಾರ. ಕೊಡಿಸದಿದ್ದರೆ ಪೂರ್ಣಾಳೂ ಇಲ್ಲ, ಎವರೆಸ್ಟೂ ಇಲ್ಲ.

ಬಂಡೆಗಳ ವಿಷಯದಲ್ಲಿ ಕರ್ನಾಟಕದಷ್ಟು ಭಾಗ್ಯವಂತ ನಾಡು ದೇಶದಲ್ಲಿಲ್ಲ. ಬಾದಾಮಿಯ ಕೆಂಪು ಮರಳುಗಲ್ಲಿನ ಗೋಡೆಗಳ ಮೇಲೆ ಬೋಲ್ಟು ನೆಟ್ಟ ಮಾರ್ಗಗಳು ನೂರಕ್ಕೂ ಹೆಚ್ಚಿವೆ. ಅವುಗಳಲ್ಲಿ 'ಗಣೇಶ' ಎಂಬುದು ದೇಶದ ಅತಿ ಕಠಿಣ ಮಾರ್ಗಗಳಲ್ಲೊಂದೆಂದು ಹೆಸರಾದದ್ದು. ಹಂಪೆಯ ಗುಂಡುಗಳನ್ನು ಹತ್ತಲು ಹೊರದೇಶದವರು ಬಂದು ತಿಂಗಳುಗಟ್ಟಲೆ ಇರುತ್ತಾರೆ. ರಾಮನಗರ, ಸಾವನದುರ್ಗಗಳು ಬೆಂಗಳೂರಿನವರ ಪಾಠಶಾಲೆ. ಬೆಂಗಳೂರಿನ ಗೌರಿ ವಾರಣಾಶಿಯವರು ಬಂಡೆ ಹತ್ತುವುದನ್ನೂ ಕಾಡಿನ ಜೀವಿಗಳ ಪರಿಚಯವನ್ನೂ ತಮ್ಮ ಬದುಕಾಗಿ ಮಾಡಿಕೊಂಡವರು. ಹೆಣ್ಣುಮಕ್ಕಳಿಗಾಗಿಯೇ 'ಕ್ಲೈಂಬ್ ಲೈಕ್ ಎ ವುಮನ್' ಎಂಬ ಬಳಗವನ್ನು ಕಟ್ಟಿ ಶಿಬಿರ ನಡೆಸಿದವರು. ಹೆಂಗಸರಿಗೆ ಪ್ರತ್ಯೇಕ ಬಳಗವೇಕೆಂದು ಮೊದಲು ನನಗೂ ಅನಿಸಿತ್ತು. ಆದರೆ ಹಗ್ಗಕ್ಕೆ ಎರಡು ತುದಿಯುಂಟಲ್ಲ! ಹತ್ತುವವಳ ಪ್ರಾಣ ಹಗ್ಗ ಹಿಡಿದವರ ಕೈಯಲ್ಲಿರುತ್ತದೆ. ಸೊಂಟಪಟ್ಟಿ ಬಿಗಿದಿದೆಯೇ ಎಂದು ಕೈಯಿಂದ ಮುಟ್ಟಿ ನೋಡಬೇಕಾಗುತ್ತದೆ. ಗುರುತಿಲ್ಲದ ಗಂಡಸರ ನಡುವೆ ಇದೆಲ್ಲ ನಡೆಯುವುದೆಂದರೆ ನಮ್ಮ ಕಡೆಯ ಮನೆಗಳಲ್ಲಿ ಮಾತು ಅಲ್ಲಿಗೇ ಮುಗಿಯಿತು. ಹತ್ತುವ ಹುಡುಗಿಗಿಂತ ಮೊದಲು ಹಗ್ಗ ಹಿಡಿಯುವ ಹುಡುಗಿಯನ್ನು ತಯಾರು ಮಾಡಬೇಕು. ಇಬ್ಬರು ಗೆಳತಿಯರು ಜೊತೆಗೆ ಕಲಿತರೆ ಅರ್ಧ ಸಮಸ್ಯೆ ತೀರಿತು.

ಇನ್ನು ನಮ್ಮ ನಾಲ್ಕು ತಾಲ್ಲೂಕುಗಳ ಸಂಗತಿ. ಇಲ್ಲಿನ ಗುಡ್ಡಗಳನ್ನೆಲ್ಲ ಹತ್ತಿಬಿಡೋಣವೆಂದು ನಾನು ಹೇಳುವುದಿಲ್ಲ. ಚನ್ನಗಿರಿಯ ಬೆಟ್ಟದ ಮೇಲೆ ಹಳೆಯ ಕೋಟೆಯೂ ರಂಗನಾಥನ ಗುಡಿಯೂ ಇವೆ. ಆ ಕಲ್ಲಿಗೆ ಬೋಲ್ಟು ಹೊಡೆಯುವ ಮಾತನ್ನು ಯಾರೂ ಆಡಬಾರದು. ಜಗಳೂರಿನ ರಂಗಯ್ಯನದುರ್ಗ ಕೊಂಡುಕುರಿಗಳ ಅಭಯಾರಣ್ಯ, ಅವುಗಳ ನೆಮ್ಮದಿ ಕೆಡಿಸಿ ನಮಗೆ ಆಗಬೇಕಾದ್ದೇನೂ ಇಲ್ಲ. ಹೊನ್ನಾಳಿ, ನ್ಯಾಮತಿಗಳ ಕಡೆ ಪದರು ಪದರಾಗಿ ಕಳಚುವ ಕಲ್ಲೇ ಹೆಚ್ಚು. ಅದರಲ್ಲಿ ಹೊನ್ನಿನ ಎಳೆ ಇದ್ದೀತು, ಬೆರಳಿಗೆ ನಂಬಿಕೆಯಿಲ್ಲ. ಎಲ್ಲ ಕಲ್ಲೂ ಹತ್ತುವ ಕಲ್ಲಲ್ಲವೆಂಬುದೂ ಈ ಕಸುಬಿನ ಒಂದು ಪಾಠವೇ.

ಆದರೆ ಕಲಿಯಲು ಮೊದಲಿಗೆ ಬೆಟ್ಟವೇ ಬೇಕೆಂದೇನೂ ಇಲ್ಲ. ನಮ್ಮ ಕಾಲೇಜಿನ ಕ್ರೀಡಾ ಕೊಠಡಿಯ ಹಿಂದೆ ಹನ್ನೆರಡು ಅಡಿಯ ಗೋಡೆಯೊಂದು ಬರಿದೇ ನಿಂತಿದೆ. ಅದರ ಮುಂದೆ ಮರದ ಚೌಕಟ್ಟು ನಿಲ್ಲಿಸಿ, ದಪ್ಪ ಪ್ಲೈವುಡ್ ಹಲಗೆ ಬಡಿದು, ಹಲಗೆಯ ತೂತುಗಳಿಗೆ ಮರದ ಗಟ್ಟಿ ತುಂಡುಗಳನ್ನು ಬೋಲ್ಟು ನಟ್ಟಿನಿಂದ ಬಿಗಿದರೆ ಹತ್ತುವ ಗೋಡೆ ಸಿದ್ಧವಾಗುತ್ತದೆ. ಕೆಳಗೆ ದಪ್ಪ ಹಾಸಿಗೆ ಇದ್ದರೆ ಈ ಎತ್ತರಕ್ಕೆ ಹಗ್ಗವೂ ಬೇಡ. ಇದನ್ನು ಊರಿನ ಬಡಗಿಯೇ ಮಾಡಿಯಾನು. ಅಳತೆಯನ್ನು ಮಾತ್ರ ತಿಳಿದವರಿಂದ ಕೇಳಿ ಕೊಡಬೇಕು, ಹಾಸಿಗೆಯಲ್ಲಿ ಕಾಸು ಉಳಿಸಬಾರದು. ಇಲ್ಲಿ ಒಂದು ವರ್ಷ ಬೆರಳು ಕಾಲು ಪಳಗಿದ ಮೇಲೆ ಬಾದಾಮಿಗೆ ಶಿಬಿರಕ್ಕೆ ಹೋಗಬಹುದು. 2023ರ ಜೂನ್‌ನಿಂದ ಸರ್ಕಾರಿ ಬಸ್ಸಿನಲ್ಲಿ ನಮಗೆ ಚೀಟಿಯ ಖರ್ಚಿಲ್ಲ. (ಹೊನ್ನಾಳಿ, ಚನ್ನಗಿರಿಯ ಕಡೆ ಓಡುವುದು ಬಹುಪಾಲು ಖಾಸಗಿ ಬಸ್ಸೇ, ಅದು ಬೇರೆ ಮಾತು.)

ಕಲಿತ ಮೇಲೆ ಕೆಲಸವೆಲ್ಲಿ? ಮೇಲೆ ಮುಂದೂಡಿದ ಮಾತನ್ನು ಈಗ ಹೇಳುತ್ತೇನೆ. ಚಿತ್ರದುರ್ಗದಿಂದ ಜಗಳೂರಿಗೆ ಹೋಗುವವರು ದಾರಿಯುದ್ದಕ್ಕೂ ಗುಡ್ಡಗಳ ಮೇಲೆ ತಿರುಗುವ ಗಾಳಿಯಂತ್ರಗಳನ್ನು ನೋಡಿರುತ್ತಾರೆ. ಆ ರೆಕ್ಕೆಗಳು ಮಳೆ, ಧೂಳು, ಸಿಡಿಲುಗಳಿಂದ ಸವೆದು ಬಿರುಕು ಬಿಡುತ್ತವೆ. ಹಗ್ಗದಲ್ಲಿ ಇಳಿದು ಅವನ್ನು ಪರೀಕ್ಷಿಸಿ ದುರಸ್ತಿ ಮಾಡುವವರು ಬೇಕು. ದೊಡ್ಡ ಊರುಗಳ ಗಾಜಿನ ಕಟ್ಟಡಗಳಿಗೆ, ಅಣೆಕಟ್ಟುಗಳಿಗೆ, ಕಾರ್ಖಾನೆಯ ಹೊಗೆಗೊಳವೆಗಳಿಗೆ ಇಂಥ ಹಗ್ಗದ ಕೆಲಸದವರು ಬೇಕು. ಇದಕ್ಕೆ ಪ್ರತ್ಯೇಕ ತರಬೇತಿಯೂ ಪ್ರಮಾಣಪತ್ರವ��� ಇವೆ. ಇಲ್ಲಿ ಎರಡೆರಡು ಹಗ್ಗ, ಒಂದು ಕೈಕೊಟ್ಟರೆ ಇನ್ನೊಂದು. ಬಂಡೆಯ ಮೇಲೆ ಹಗ್ಗದ ಮರ್ಯಾದೆ ಕಲಿತ ಹುಡುಗಿಗೆ ಈ ಕೆಲಸ ಅರ್ಧ ಬಂದಂತೆಯೇ. ಜಗಳೂರಿನ ಬರದ ನೆಲದಲ್ಲಿ ಮಳೆ ನಂಬಿ ಕೆಟ್ಟವರ ಮಗಳು ಗಾಳಿ ನಂಬಿ ಬದುಕಿದರೆ ತಪ್ಪೇನು?

ಮನೆಯವರ ಆಕ್ಷೇಪಣೆಗಳನ್ನು ನಾನು ಹಗುರವಾಗಿ ಕಾಣುವವಳಲ್ಲ. ನಮ್ಮವ್ವನ ಮುಂದೆ ಈ ಮಾತೆತ್ತಿದಾಗ, "ಬಂಡೆ ಹತ್ತಿ ಏನ್ ಕಡ್ದು ಕಟ್ಟೆ ಹಾಕ್ತೀಯೇ? ಕೈಕಾಲು ಮುರ್ಕಂಡ್ರೆ ನಾಳೆ ಯಾರ್ ಮದ್ವೆ ಆಗ್ತಾರೆ?" ಎಂದಳು. ಕೈಕಾಲು ಮುರಿಯುವ ಭಯ ನಿಜವಾದದ್ದು. ಅದಕ್ಕೆ ಉತ್ತರ ಗಂಟು, ಹಗ್ಗ, ಗುರು ಮತ್ತು ವಿಮೆ. ಮದುವೆಯ ಮಾತಿಗೆ ಉತ್ತರ ನನ್ನಲ್ಲಿಲ್ಲ, ಅದನ್ನು ಬೇರೆಯವರು ಹುಡುಕಲಿ. ಆದರೆ ಆಟದ ಪೀರಿಯಡ್ಡಿನಲ್ಲಿ ಹುಡುಗರನ್ನು ಮೈದಾನಕ್ಕೆ ಬಿಟ್ಟು ನಮ್ಮನ್ನು ಮರದ ನೆರಳಿನಲ್ಲಿ ಕೂರಿಸಿ ಹೊಲಿಗೆ ಹಾಕಿಸುತ್ತಿದ್ದ ಶಾಲೆಯಲ್ಲಿ ಓದಿ ಬಂದವಳು ನಾನು. ಆ ಮೂರು ವರ್ಷಗಳಲ್ಲಿ ನನ್ನ ಕೈಕಾಲು ಮುರಿಯಲಿಲ್ಲ, ನಿಜ. ಅವು ಇವೆಯೆಂಬುದೂ ನನಗೆ ತಿಳಿಯಲಿಲ್ಲ.

ಪ್ಲೈವುಡ್ ಗೋಡೆಯ ಬಗ್ಗೆ ಕ್ರೀಡಾ ವಿಭಾಗಕ್ಕೆ ಅರ್ಜಿ ಬರೆದು ಹಾಸ್ಟೆಲಿನಲ್ಲಿ ಸಹಿ ಕೇಳಿದೆ. ಹನ್ನೊಂದು ಮಂದಿ ಹಾಕಿದ್ದಾರೆ: ನ್ಯಾಮತಿಯ ಕಡೆಯವರು ನಾಲ್ವರು, ಹೊನ್ನಾಳಿಯವರು ಇಬ್ಬರು, ಜಗಳೂರಿನವರು ಮೂವರು, ಚನ್ನಗಿರಿಯವರು ಇಬ್ಬರು. ಜಗಳೂರಿನ ಒಬ್ಬಳು ಮಾತ್ರ ಸಹಿ ಹಾಕುವ ಮುನ್ನ ಗಾಳಿಯಂತ್ರದ ಕೆಲಸಕ್ಕೆ ತಿಂಗಳಿಗೆ ಎಷ್ಟು ಕೊಡುತ್ತಾರೆಂದು ಕೇಳಿ ತಿಳಿಸಬೇಕೆಂದು ಕರಾರು ಹಾಕಿದ್ದಾಳೆ. ಕೇಳಿ ಬರೆದಿದ್ದೇನೆ, ಉತ್ತರ ಬಂದ ಕೂಡಲೆ ಹಾಸ್ಟೆಲಿನ ಫಲಕದ ಮೇಲೆ ಅಂಟಿಸುತ್ತೇನೆ.